ರೈಲು ಬರುವ ಮುನ್ನ ಪ್ರಯಾಣಿಕರ ಎಣಿಕೆ

ಅಮೆರಿಕದ ಸ್ಯಾನ್‌ಫ್ರಾನ್ಸಿಸ್ಕೊ ಕೊಲ್ಲಿಯ ಸುತ್ತಲಿನ ಮೂರು ಕೌಂಟಿಗಳ ಮತದಾರರು 1962ರ ನವೆಂಬರಿನಲ್ಲಿ ತಮ್ಮ ತಲೆಯ ಮೇಲೆ ತಾವೇ ಒಂದು ದೊಡ್ಡ ಸಾಲ ಹೊರಿಸಿಕೊಂಡರು. 79 ಕೋಟಿ 20 ಲಕ್ಷ ಡಾಲರುಗಳ ಸಾಲಪತ್ರಗಳಿಗೆ ಅವರು ಮತ ಹಾಕಿ ಒಪ್ಪಿಗೆ ಕೊಟ್ಟರು. ಓಕ್ಲೆಂಡ್, ಬರ್ಕ್ಲಿ ಮೊದಲಾದ ಊರುಗಳನ್ನು ಸ್ಯಾನ್‌ಫ್ರಾನ್ಸಿಸ್ಕೊ ನಗರಕ್ಕೆ ಜೋಡಿಸುವ ವಿದ್ಯುತ್ ರೈಲಿಗಾಗಿ ಈ ಹಣ. ಕೊಲ್ಲಿಯ ನೀರಿನ ಅಡಿಯಲ್ಲಿ ಹಾಯುವ ಸುರಂಗದ ಖರ್ಚಿಗೆ ಸೇತುವೆಯ ಸುಂಕದ ಹಣ ಬೇರೆ. 'ಬಾರ್ಟ್' ಎಂದು ಹೆಸರಾದ ಆ ರೈಲಿನ ಮೊದಲ ಮಾರ್ಗ ಆರಂಭವಾದದ್ದು 1972ರ ಸೆಪ್ಟೆಂಬರಿನಲ್ಲಿ. ಸುರಂಗದೊಳಗೆ ಪ್ರಯಾಣಿಕರು ಹಾದುಹೋಗಲು ಮತ್ತೆ ಎರಡು ವರ್ಷ ಕಾಯಬೇಕಾಯಿತು.

ಹಳಿ ಹಾಕಿದ್ದಾಯಿತು, ಬೋಗಿಗಳು ಬಂದದ್ದಾಯಿತು. ಹತ್ತುವವರು ಎಷ್ಟು ಮಂದಿ? ಸಾಲ ತೀರಿಸಬೇಕಾದ ತೆರಿಗೆದಾರನಿಗೆ ಮುಖ್ಯವಾದ ಪ್ರಶ್ನೆ ಇದೊಂದೇ. 1973ರ ಅಧಿಕೃತ ಅಂದಾಜು ಹೇಳಿದ್ದು, ಕೆಲಸಕ್ಕೆ ಹೋಗಿಬರುವವರ ಪ್ರಯಾಣಗಳಲ್ಲಿ ಶೇ. 15ರಷ್ಟು ಬಾರ್ಟ್ ಪಾಲಾಗುತ್ತದೆ ಎಂದು. ಅದೇ ಹೊತ್ತಿನಲ್ಲಿ ಬರ್ಕ್ಲಿಯ ಕ್ಯಾಲಿಫೋರ್ನಿಯಾ ವಿಶ್ವವಿದ್ಯಾಲಯದಲ್ಲಿದ್ದ ಡೇನಿಯಲ್ ಮೆಕ್‌ಫ್ಯಾಡನ್ ಎಂಬ ಅರ್ಥಶಾಸ್ತ್ರಜ್ಞ ಮತ್ತು ಅವರ ಸಂಗಡಿಗರು ಬೇರೆ ಲೆಕ್ಕ ಹಾಕುತ್ತಿದ್ದರು. ಅವರಿಗೆ ಸಿಕ್ಕ ಉತ್ತರ ಶೇ. 6.3. ರೈಲು ಪೂರ್ತಿ ಓಡತೊಡಗಿದ ಮೇಲೆ 1975ರಲ್ಲಿ ಎಣಿಸಿ ನೋಡಿದಾಗ ಸಿಕ್ಕಿದ್ದು ಶೇ. 6.2.

ಅರ್ಥಶಾಸ್ತ್ರದ ಭವಿಷ್ಯವಾಣಿಗಳ ಚರಿತ್ರೆಯಲ್ಲಿ ಇಂಥ ಗುರಿ ಅಪರೂಪ. ಮೆಕ್‌ಫ್ಯಾಡನ್ ಅವರಿಗೆ 2000ದಲ್ಲಿ, ಷಿಕಾಗೊದ ಜೇಮ್ಸ್ ಹೆಕ್‌ಮನ್ ಜೊತೆಗೆ, ಅರ್ಥಶಾಸ್ತ್ರದ ನೊಬೆಲ್ ಪ್ರಶಸ್ತಿ ಬಂತು. ಪ್ರಶಸ್ತಿ ಸ್ವೀಕರಿಸಿ ಮಾಡಿದ ಉಪನ್ಯಾಸದಲ್ಲಿ ಅವರು, ತಮ್ಮ ಅಂದಾಜಿನಲ್ಲೇ ಇದ್ದ ಅನಿಶ್ಚಿತತೆಯನ್ನು ನೋಡಿದರೆ ಇಷ್ಟು ನಿಖರವಾಗಿ ಗುರಿ ತಾಗಿದ್ದು ಅದೃಷ್ಟವೂ ಹೌದು ಎಂದು ಒಪ್ಪಿಕೊಂಡರು. ಆ ಮಾತು ಸೌಜನ್ಯದ್ದಷ್ಟೇ ಅಲ್ಲ. ಒಬ್ಬರೇ ಕಾರಿನಲ್ಲಿ ಹೋಗುವವರು ಶೇ. 56ರಷ್ಟು ಎಂದು ಅವರ ಲೆಕ್ಕ ಹೇಳಿತ್ತು. ನಿಜದಲ್ಲಿ ಇದ್ದದ್ದು ಸುಮಾರು ಶೇ. 60. ಅಂದರೆ ಕಾರಿನ ಮೋಹವನ್ನು ಅವರ ಲೆಕ್ಕವೂ ಪೂರ್ತಿ ಅಳೆದಿರಲಿಲ್ಲ. ಆದರೂ 15 ಎಲ್ಲಿ, 6.3 ಎಲ್ಲಿ!

ಅಧಿಕೃತ ಅಂದಾಜಿನವರು ಅನುಸರಿಸಿದ್ದು ಭೌತಶಾಸ್ತ್ರದ ಗುರುತ್ವಾಕರ್ಷಣೆಯಿಂದ ಎರವಲು ತಂದ ವಿಧಾನ. ಎರಡು ಊರುಗಳು ಎಷ್ಟು ದೊಡ್ಡವೋ ಅವುಗಳ ನಡುವೆ ಓಡಾಟ ಅಷ್ಟು ಹೆಚ್ಚು, ಎಷ್ಟು ದೂರವೋ ಅಷ್ಟು ಕಡಿಮೆ. ಅಲ್ಲಿ ಜನ ಎಂದರೆ ಗುಂಪು, ಒಟ್ಟು ಮೊತ್ತ. ಮೆಕ್‌ಫ್ಯಾಡನ್ ತಂಡ ಗುಂಪನ್ನು ಬಿಟ್ಟು ಒಬ್ಬೊಬ್ಬರನ್ನೇ ಹಿಡಿಯಿತು. ಕೆಲವು ನೂರು ಮಂದಿಯನ್ನು ಕಂಡು, ನೀವು ಕೆಲಸಕ್ಕೆ ಹೇಗೆ ಹೋಗುತ್ತೀರಿ, ಎಷ್ಟು ಹೊತ್ತು ಹಿಡಿಯುತ್ತದೆ, ಮನೆಯಲ್ಲಿ ಎಷ್ಟು ಕಾರುಗಳಿವೆ ಎಂದು ವಿಚಾರಿಸಿತು. ಒಬ್ಬ ಮನುಷ್ಯ ಬಸ್ಸಿಗಾಗಿ ಕಾಯುವ ಹತ್ತು ನಿಮಿಷ ಮತ್ತು ಬಸ್ಸಿನೊಳಗೆ ಕುಳಿತು ಕಳೆಯುವ ಹತ್ತು ನಿಮಿಷ ಒಂದೇ ಅಲ್ಲ. ನಿಲ್ದಾಣದಲ್ಲಿ ಕಾದವರೆಲ್ಲ ಇದನ್ನು ಬಲ್ಲರು. ಈ ಬೇಸರ, ಈ ಖರ್ಚು, ಈ ಅನುಕೂಲಗಳಿಗೆ ಜನ ಮನಸ್ಸಿನಲ್ಲೇ ಎಷ್ಟೆಷ್ಟು ತೂಕ ಕೊಡುತ್ತಾರೆ ಎಂಬುದನ್ನು ಅವರು ಮಾಡಿದ ಆಯ್ಕೆಗಳಿಂದಲೇ ಹಿಮ್ಮುಖವಾಗಿ ಕಂಡುಹಿಡಿಯಬೇಕು. ತೂಕಗಳು ಗೊತ್ತಾದರೆ, ಇನ್ನೂ ಬಾರದ ರೈಲಿನ ವೇಗ, ದರ, ದೂರಗಳನ್ನು ಅದೇ ತಕ್ಕಡಿಗೆ ಹಾಕಿ ನೋಡಬಹುದು.

ಹಿಮ್ಮುಖವಾಗಿ ಕಂಡುಹಿಡಿಯುವ ಈ ಉಪಾಯಕ್ಕೆ ಸಂಖ್ಯಾಶಾಸ್ತ್ರದಲ್ಲಿ 'ಮ್ಯಾಕ್ಸಿಮಮ್ ಲೈಕ್ಲಿಹುಡ್' ಎಂದು ಹೆಸರು. ಕನ್ನಡದಲ್ಲಿ ಗರಿಷ್ಠ ಸಾಧ್ಯತೆಯ ವಿಧಾನ ಎನ್ನಬಹುದು.

ಒದ್ದೆ ಕೊಡೆಯ ತರ್ಕ

ಹೆಸರು ಭಾರವಾಗಿದ್ದರೂ ತರ್ಕ ಮನೆಮನೆಯದು. ಸಂಜೆ ಮಲಗಿ ಎದ್ದವರು ಜಗಲಿಯ ಮೂಲೆಯಲ್ಲಿ ನೀರು ತೊಟ್ಟಿಕ್ಕುವ ಕೊಡೆ ಕಂಡರೆ 'ಮಳೆ ಬಂದಿರಬೇಕು' ಎನ್ನುತ್ತಾರೆ. ಯಾರೋ ಕೊಡೆಯನ್ನು ತೊಳೆದು ಇಟ್ಟಿರಲೂಬಹುದು. ಆದರೆ ಯಾವ ಕತೆ ನಿಜವಾಗಿದ್ದರೆ ಈ ಒದ್ದೆ ಕೊಡೆ ಕಾಣಸಿಗುವುದು ಹೆಚ್ಚು ಸಹಜವೋ ಆ ಕತೆಯನ್ನು ನಂಬುವುದು ಲೋಕರೂಢಿ.

ಇದಕ್ಕೆ ಅಂಕಿ ತೊಡಿಸಿ ನೋಡೋಣ. ಒಂದು ಚೀಲದಲ್ಲಿ ಕೆಂಪು, ಬಿಳಿ ಗುಲಗಂಜಿಗಳಿವೆ. ಕೆಂಪು ಎಷ್ಟು ಪಾಲು ಎಂಬುದು ಗೊತ್ತಿಲ್ಲ. ಒಂದನ್ನು ತೆಗೆದು, ನೋಡಿ, ಮತ್ತೆ ಒಳಗೆ ಹಾಕಬೇಕು. ಹೀಗೆ ಹತ್ತು ಸಲ ಮಾಡಿದಾಗ ಏಳು ಸಲ ಕೆಂಪು ಬಂತು. ಚೀಲದಲ್ಲಿ ಅರ್ಧದಷ್ಟು ಕೆಂಪಾಗಿದ್ದರೆ ಹತ್ತರಲ್ಲಿ ಏಳು ಬರುವ ಸಂಭವ ನೂರಕ್ಕೆ ಸುಮಾರು 12. ಹತ್ತರಲ್ಲಿ ಒಂಬತ್ತು ಪಾಲು ಕೆಂಪಾಗಿದ್ದರೆ ನೂರಕ್ಕೆ ಆರೂ ಇಲ್ಲ. ಹತ್ತರಲ್ಲಿ ಏಳು ಪಾಲು ಇದ್ದರೆ ನೂರಕ್ಕೆ 27ರ ಹತ್ತಿರ. ಎಲ್ಲ ಊಹೆಗಳನ್ನೂ ಹೀಗೆ ಪರೀಕ್ಷಿಸಿ, ಕಣ್ಣೆದುರು ಕಂಡದ್ದು ಯಾವ ಊಹೆಯಲ್ಲಿ ಹೆಚ್ಚು ಸಂಭವನೀಯವೋ ಅದನ್ನು ಎತ್ತಿಕೊಳ್ಳುವುದೇ ಗರಿಷ್ಠ ಸಾಧ್ಯತೆ. ಗುಲಗಂಜಿಯ ಲೆಕ್ಕದಲ್ಲಿ ಉತ್ತರ ನೋಡಿದೊಡನೆ ಹೊಳೆಯುತ್ತದೆ. ಬಸ್ಸು, ಕಾರು, ರೈಲುಗಳ ಲೆಕ್ಕದಲ್ಲಿ ಹತ್ತಾರು ತೂಕಗಳನ್ನು ಒಟ್ಟಿಗೆ ಹುಡುಕಬೇಕು. ಅಲ್ಲಿ ಗಣಕ ಬೇಕು.

ಈ ವಿಧಾನಕ್ಕೆ ಹೆಸರನ್ನೂ ಅಡಿಪಾಯವನ್ನೂ ಕೊಟ್ಟವರು ಇಂಗ್ಲೆಂಡಿನ ರೊನಾಲ್ಡ್ ಫಿಷರ್. 18ನೆಯ ಶತಮಾನದ ಡೇನಿಯಲ್ ಬರ್ನೌಲಿ ಇಂಥದೇ ಯೋಚನೆಯನ್ನು ಮುಂದಿಟ್ಟಿದ್ದರು. ಗೌಸ್ ಕೂಡ ಇದರ ಹತ್ತಿರ ಸುಳಿದಿದ್ದರು. ಫಿಷರ್ ಕೇಂಬ್ರಿಜ್‌ನಲ್ಲಿ ಇನ್ನೂ ವಿದ್ಯಾರ್ಥಿಯಾಗಿದ್ದಾಗಲೇ, 1912ರಲ್ಲಿ, ಇದರ ಮೊದಲ ರೂಪವನ್ನು ಪ್ರಕಟಿಸಿದರು. ಹತ್ತು ವರ್ಷ ಕಳೆದು 1922ರ ದೊಡ್ಡ ಪ್ರಬಂಧದಲ್ಲಿ ವಿಧಾನಕ್ಕೆ ಈಗಿನ ಹೆಸರಿಟ್ಟರು. ದತ್ತಾಂಶದಲ್ಲಿ ಅಡಗಿರುವ ಮಾಹಿತಿಯಲ್ಲಿ ಒಂದು ಹನಿಯೂ ಪೋಲಾಗದಂತೆ ಹಿಂಡುವುದು ಇದೊಂದೇ ಎಂಬುದು ಅವರ ವಾದ. ಮಾದರಿ ದೊಡ್ಡದಾಗುತ್ತ ಹೋದಂತೆ ಇದಕ್ಕಿಂತ ಕಡಿಮೆ ತಪ್ಪುವ ಅಂದಾಜು ಸಾಧ್ಯವಿಲ್ಲ ಎಂದು ಅವರು ಹೇಳಿದರು. ಫಿಷರ್ ಹಲವು ಕಡೆ ಹೀಗೆಯೇ ಮಾಡಿದ್ದಾರೆ: ಮೊದಲು ಹೇಳಿಬಿಡುವುದು, ಕಟ್ಟುನಿಟ್ಟಿನ ಸಾಧನೆಯನ್ನು ಹಿಂದೆ ಬರುವವರಿಗೆ ಬಿಡುವುದು.

ಹೂವಿನಹಡಗಲಿಯಿಂದ ಕಲ್ಕತ್ತಕ್ಕೆ

ಹಾಗೆ ಹಿಂದೆ ಬಂದವರಲ್ಲಿ ಒಬ್ಬರು ಹುಟ್ಟಿದ್ದು ಹೂವಿನಹಡಗಲಿಯಲ್ಲಿ. ಆಗ ಮದ್ರಾಸ್ ಪ್ರಾಂತ್ಯದ ಬಳ್ಳಾರಿ ಜಿಲ್ಲೆಗೆ, ಈಗ ವಿಜಯನಗರ ಜಿಲ್ಲೆಗೆ ಸೇರಿದ ಊರದು. 1920ರ ಸೆಪ್ಟೆಂಬರ್ 10ರಂದು ಅಲ್ಲಿ ಒಂದು ತೆಲುಗು ಕುಟುಂಬದ ಎಂಟನೆಯ ಮಗುವಾಗಿ ಕಲ್ಯಂಪೂಡಿ ರಾಧಾಕೃಷ್ಣ ರಾವ್ ಜನಿಸಿದರು. ದೇವಕಿಯ ಎಂಟನೆಯ ಮಗ ಕೃಷ್ಣನಲ್ಲವೇ. ಹೆಸರು ಅದರಿಂದ ಬಂತು. ತಂದೆ ಪೊಲೀಸ್ ಇಲಾಖೆಯಲ್ಲಿದ್ದವರು. ಮಗನ ವಿದ್ಯಾಭ್ಯಾಸ ಬೇರೆ ಬೇರೆ ಊರುಗಳಲ್ಲಿ ನಡೆದು, ಕೊನೆಗೆ ಅವರು ತಲುಪಿದ್ದು ಕಲ್ಕತ್ತದಲ್ಲಿ ಪಿ.ಸಿ. ಮಹಲನೋಬಿಸ್ ಸ್ಥಾಪಿಸಿದ್ದ ಭಾರತೀಯ ಸಂಖ್ಯಾಶಾಸ್ತ್ರ ಸಂಸ್ಥೆಯನ್ನು.

ಇಪ್ಪತ್ತನಾಲ್ಕರ ಪ್ರಾಯದ ರಾವ್ ಕಲ್ಕತ್ತ ವಿಶ್ವವಿದ್ಯಾಲಯದಲ್ಲಿ ಪಾಠ ಮಾಡುತ್ತಿದ್ದರು. ಒಂದು ದಿನ ತರಗತಿಯಲ್ಲಿ, ದೊಡ್ಡ ಮಾದರಿಗಳ ಬಗ್ಗೆ ಫಿಷರ್ ಹೇಳಿದ ಫಲಿತಾಂಶವನ್ನು ವಿವರಿಸಿದರು. ಆಗ ವಿ.ಎಂ. ದಾಂಡೇಕರ್ ಎಂಬ ವಿದ್ಯಾರ್ಥಿ, ಸಣ್ಣ ಮಾದರಿಗೂ ಇದನ್ನು ಸಾಧಿಸಲು ಬರುವುದಿಲ್ಲವೇಕೆ ಎಂದು ಕೇಳಿದರು. ರಾವ್ ಬಳಿ ಉತ್ತರವಿರಲಿಲ್ಲ. ಮನೆಗೆ ಹೋಗಿ ರಾತ್ರಿಯೆಲ್ಲ ಕುಳಿತು, ಮರುದಿನ ಉತ್ತರದೊಂದಿಗೆ ಬಂದರು. ಅದು 1945ರಲ್ಲಿ ಕಲ್ಕತ್ತ ಗಣಿತ ಸಂಘದ ಪತ್ರಿಕೆಯಲ್ಲಿ ಪ್ರಕಟವಾಯಿತು. ದಾಂಡೇಕರ್ ಮುಂದೆ ಪುಣೆಯ ಗೋಖಲೆ ಸಂಸ್ಥೆಯ ಹೆಸರಾಂತ ಅರ್ಥಶಾಸ್ತ್ರಜ್ಞರಾದರು. ನೀಲಕಂಠ ರಥ್ ಜೊತೆ ಸೇರಿ ಭಾರತದ ಬಡತನವನ್ನು ಅಳೆದವರು ಅವರೇ.

ರಾವ್ ತೋರಿಸಿದ್ದು ಇದು. ಒಂದು ಮಾದರಿಯಲ್ಲಿ ಇಂತಿಷ್ಟೇ ಮಾಹಿತಿ ಇರುತ್ತದೆ. ಪಕ್ಷಪಾತವಿಲ್ಲದ ಯಾವುದೇ ಅಂದಾಜು ಎಷ್ಟೇ ಜಾಣತನದಿಂದ ಮಾಡಿದ್ದರೂ, ಅದರ ಏರಿಳಿತ ಒಂದು ಮಿತಿಗಿಂತ ಕೆಳಗೆ ಇಳಿಯಲಾರದು. ಮರುವರ್ಷ ಸ್ವೀಡನ್ನಿನ ಹೆರಾಲ್ಡ್ ಕ್ರೇಮರ್ ತಮ್ಮ ಪುಸ್ತಕದಲ್ಲಿ ಇದೇ ಫಲಿತಾಂಶವನ್ನು ಸ್ವತಂತ್ರವಾಗಿ ಕೊಟ್ಟಿದ್ದರಿಂದ ಅದು 'ಕ್ರೇಮರ್–ರಾವ್ ಮಿತಿ' ಎನಿಸಿಕೊಂಡಿತು. ಕಬ್ಬಿನಲ್ಲಿರುವ ರಸಕ್ಕಿಂತ ಹೆಚ್ಚು ರಸವನ್ನು ಯಾವ ಗಾಣವೂ ಹಿಂಡಲಾರದು. ಎಷ್ಟು ರಸವಿದೆ ಎಂದು ಹೇಳುವ ಲೆಕ್ಕ ಇದು. 1948ರಲ್ಲಿ, ಕೇಂಬ್ರಿಜ್‌ನಲ್ಲಿ ಫಿಷರ್ ಅವರ ಕೈಕೆಳಗೆ ಸಂಶೋಧನೆ ಮಾಡುತ್ತಿದ್ದಾಗ, ರಾವ್ ಗರಿಷ್ಠ ಸಾಧ್ಯತೆಯ ಮೇಲೆ ನಿಂತ ಒಂದು ಪರೀಕ್ಷೆಯನ್ನೂ ರೂಪಿಸಿದರು. ಅರ್ಥಶಾಸ್ತ್ರದವರು ಅದನ್ನೇ 'ಲಗ್ರಾಂಜ್ ಮಲ್ಟಿಪ್ಲಯರ್' ಪರೀಕ್ಷೆ ಎಂದು ಕರೆದರು. ಪಠ್ಯಪುಸ್ತಕಗಳಲ್ಲಿ ರಾವ್ ಹೆಸರು ಮರೆಯಾಗಿ ಲಗ್ರಾಂಜ್ ಹೆಸರು ಮಾತ್ರ ಉಳಿದದ್ದೂ ಉಂಟು.

ಇತ್ತ ಅರ್ಥಶಾಸ್ತ್ರಕ್ಕೆ ಸಂಭವನೀಯತೆಯ ಪ್ರವೇಶವೇ ತಡವಾಯಿತು. ಪೇಟೆಯ ಬೆಲೆಗಳು ಗುಲಗಂಜಿಗಳಲ್ಲ, ಅವುಗಳಿಗೆ ದಾಳದ ನಿಯಮ ಹೊಂದುವುದಿಲ್ಲ ಎಂಬ ಅಭಿಪ್ರಾಯ ಬಲವಾಗಿತ್ತು. ಯುದ್ಧಕಾಲದಲ್ಲಿ ಅಮೆರಿಕದಲ್ಲಿ ಉಳಿದಿದ್ದ ನಾರ್ವೆಯ ಟ್ರಿಗ್ವೆ ಹಾವೆಲ್ಮೊ 1944ರಲ್ಲಿ ಬರೆದ ದೀರ್ಘ ಪ್ರಬಂಧ ಈ ಅಭಿಪ್ರಾಯವನ್ನು ಬುಡಮೇಲು ಮಾಡಿತು. ಅವರ ದಾರಿಯನ್ನು ಹಿಡಿದದ್ದು ಷಿಕಾಗೊದಲ್ಲಿದ್ದ ಕೌಲ್ಸ್ ಆಯೋಗ. ಆಲ್‌ಫ್ರೆಡ್ ಕೌಲ್ಸ್ ಎಂಬ ಶ್ರೀಮಂತರು ಇದನ್ನು 1932ರಲ್ಲಿ ಆರಂಭಿಸಿದ್ದರ ಹಿಂದೆ ಒಂದು ಸ್ವಾರಸ್ಯವಿದೆ. 1929ರ ಷೇರುಪೇಟೆಯ ಕುಸಿತದ ಬಳಿಕ, ಷೇರು ಜ್ಯೋತಿಷಿಗಳಿಗೆ ನಿಜವಾಗಿಯೂ ಮುಂದಿನದು ಕಾಣುತ್ತದೆಯೇ ಎಂದು ಅವರಿಗೆ ಅನುಮಾನ ಬಂತು. 1933ರಲ್ಲಿ ಲೆಕ್ಕ ಹಾಕಿ, ಅನುಮಾನ ಸರಿ ಎಂದು ಪ್ರಕಟಿಸಿದರು! ಅವರ ಆಯೋಗದಲ್ಲಿ 1940ರ ದಶಕದಲ್ಲಿ ಗರಿಷ್ಠ ಸಾಧ್ಯತೆಯ ವಿಧಾನವನ್ನು ದೇಶದ ಇಡೀ ಅರ್ಥವ್ಯವಸ್ಥೆಗೆ ಒಗ್ಗಿಸುವ ಕೆಲಸ ನಡೆಯಿತು. ಸಿದ್ಧಾಂತ ಸೊಗಸಾಗಿತ್ತು. ಆದರೆ ಕೈಯಿಂದ ತಿರುಗಿಸುವ ಲೆಕ್ಕಯಂತ್ರಗಳ ಕಾಲದಲ್ಲಿ ಪೂರ್ಣ ಲೆಕ್ಕ ದುಸ್ತರವಾಗಿ, 1949ರಲ್ಲಿ ಆಂಡರ್ಸನ್ ಮತ್ತು ರೂಬಿನ್ ಒಂದು ಮೊಟಕು ರೂಪವನ್ನು ಕೊಡಬೇಕಾಯಿತು. ಮಾಡಬೇಕಾದ ಲೆಕ್ಕ ಒಂದು, ಮಾಡಲು ಸಾಧ್ಯವಾದ ಲೆಕ್ಕ ಇನ್ನೊಂದು ಎಂಬ ಈ ತಾಕಲಾಟ ಮುಂದಿನ ಕತೆಯನ್ನೆಲ್ಲ ನಡೆಸಿತು.

ಕೆಂಪು ಬಸ್ಸು, ನೀಲಿ ಬಸ್ಸು

ಉತ್ತರ ಕೆರೊಲಿನಾದ, ವಿದ್ಯುತ್ ದೀಪವಿಲ್ಲದ ತೋಟದ ಮನೆಯೊಂದರಲ್ಲಿ ಬೆಳೆದ ಮೆಕ್‌ಫ್ಯಾಡನ್ 19ನೆಯ ವಯಸ್ಸಿಗೇ ಭೌತಶಾಸ್ತ್ರದ ಪದವಿ ಪಡೆದವರು. 1965ರಲ್ಲಿ ಬರ್ಕ್ಲಿಯ ವಿದ್ಯಾರ್ಥಿನಿಯೊಬ್ಬರು, ಹೆದ್ದಾರಿ ಇಲಾಖೆಯವರು ರಸ್ತೆಯ ಜಾಡನ್ನು ಹೇಗೆ ಆರಿಸುತ್ತಾರೆ ಎಂಬುದರ ಅಂಕಿಅಂಶ ಹಿಡಿದು ಅವರ ಬಳಿಗೆ ಬಂದರು. ಎಷ್ಟು, ಏನು ಬೆಲೆ ಎಂಬ ಲೆಕ್ಕಗಳಿಗೆ ಅರ್ಥಶಾಸ್ತ್ರದಲ್ಲಿ ಸಾಧನಗಳಿದ್ದವು. 'ಇದೋ ಅದೋ' ಎಂಬ ಆಯ್ಕೆಗೆ ಇರಲಿಲ್ಲ. ಮನಶ್ಶಾಸ್ತ್ರಜ್ಞರಾದ ಥರ್ಸ್ಟನ್ 1927ರಲ್ಲಿ, ಲ್ಯೂಸ್ 1959ರಲ್ಲಿ ಹಾಕಿದ ದಾರಿಯನ್ನು ಹಿಡಿದು ಮೆಕ್‌ಫ್ಯಾಡನ್ ಹೊಸ ಸೂತ್ರ ಕಟ್ಟಿದರು. ಗರಿಷ್ಠ ಸಾಧ್ಯತೆಯಿಂದ ಅದರ ತೂಕಗಳನ್ನು ಹುಡುಕುವ ಗಣಕ ಕ್ರಮವಿಧಿಯನ್ನೂ ತಾವೇ ಬರೆದರು. ಪ್ರತಿ ಆಯ್ಕೆಗೂ ಎರಡು ಭಾಗ: ಹೊರಗೆ ಕಾಣುವ ಅನುಕೂಲ (ವೇಳೆ, ದರ), ಹೊರಗೆ ಕಾಣದ ಮನಸ್ಸಿನ ಒಲವು. ಕಾಣದ್ದಕ್ಕೆ ಅವರು ಒಂದು ವಿಶೇಷ ರೂಪ ಕೊಟ್ಟಿದ್ದರಿಂದ ಉತ್ತರ ಕಾಗದದ ಮೇಲೆ ಬರೆಯಬಹುದಾದ ಸರಳ ಸೂತ್ರವಾಗಿ ಇಳಿಯಿತು. 1974ರಲ್ಲಿ ಪ್ರಕಟವಾದ ಈ 'ಲಾಜಿಟ್' ಸೂತ್ರವೇ ಬಾರ್ಟ್ ಲೆಕ್ಕದ ಬೆನ್ನೆಲುಬು.

ಸೂತ್ರದಲ್ಲಿ ಒಂದು ಹುಳುಕಿತ್ತು. ಮೆಕ್‌ಫ್ಯಾಡನ್‌ಗೆ ಅದು ಚೆನ್ನಾಗಿ ಗೊತ್ತಿತ್ತು. ಒಂದು ಊರಿನಲ್ಲಿ ಅರ್ಧ ಜನ ಕಾರಿನಲ್ಲಿ, ಉಳಿದರ್ಧ ಕೆಂಪು ಬಸ್ಸಿನಲ್ಲಿ ಹೋಗುತ್ತಾರೆ. ಒಂದು ರಾತ್ರಿ ಸಾರಿಗೆ ಸಂಸ್ಥೆ ಅರ್ಧದಷ್ಟು ಬಸ್ಸುಗಳಿಗೆ ನೀಲಿ ಬಣ್ಣ ಬಳಿಯುತ್ತದೆ. ದಾರಿ ಅದೇ, ದರ ಅದೇ. ಲಾಜಿಟ್ ಸೂತ್ರದ ಪ್ರಕಾರ ಮಾರನೆಯ ಬೆಳಿಗ್ಗೆ ಕಾರು, ಕೆಂಪು ಬಸ್ಸು, ನೀಲಿ ಬಸ್ಸುಗಳಿಗೆ ಜನ ಮೂರು ಸಮಪಾಲಾಗಿ ಹಂಚಿಹೋಗಬೇಕು. ಅಂದರೆ ಬರೀ ಬಣ್ಣದ ಖರ್ಚಿನಲ್ಲಿ ಬಸ್ಸಿನ ಪಾಲು ಅರ್ಧದಿಂದ ಮೂರನೆಯ ಎರಡಕ್ಕೆ ಏರಿಬಿಟ್ಟಿತು! ಕಾರಿನವರು ಕಾರಿನಲ್ಲೇ ಹೋಗುತ್ತಾರೆ, ಬಸ್ಸಿನವರು ಎರಡು ಬಣ್ಣಗಳಿಗೆ ಹಂಚಿಹೋಗುತ್ತಾರೆ ಎಂದು ಎಳೆಯ ಮಗುವೂ ಹೇಳೀತು. ಲ್ಯೂಸ್ ಪುಸ್ತಕವನ್ನು ವಿಮರ್ಶಿಸುತ್ತ ಜೆರಾರ್ಡ್ ಡೆಬ್ರೂ 1960ರಲ್ಲೇ ಇಂಥ ಆಕ್ಷೇಪ ಎತ್ತಿದ್ದರು. ಅವರ ಉದಾಹರಣೆಯಲ್ಲಿ ಇದ್ದದ್ದು ಬಸ್ಸುಗಳಲ್ಲ, ಒಂದೇ ಸಿಂಫನಿಯ ಎರಡು ಧ್ವನಿಮುದ್ರಣಗಳು.

ಹೊಸ ರೈಲಿನ ಅಂದಾಜಿಗೆ ಇದು ಬರಿಯ ತಮಾಷೆಯ ಸಂಗತಿಯಲ್ಲ. ರೈಲು ಯಾರನ್ನು ಸೆಳೆಯುತ್ತದೆ, ಕಾರಿನವರನ್ನೋ ಬಸ್ಸಿನವರನ್ನೋ? ಬಸ್ಸನ್ನು ಬರಿದು ಮಾಡಿ ರೈಲು ತುಂಬಿದರೆ ರಸ್ತೆಯ ಮೇಲಿನ ಕಾರುಗಳು ಕಡಿಮೆಯಾಗುವುದಿಲ್ಲ, ಸಾಲ ಮಾತ್ರ ಉಳಿಯುತ್ತದೆ. ಒಂದು ಆಯ್ಕೆಯ ಒಲವು ಇನ್ನೊಂದರ ಒಲವಿಗೆ ಹೇಗೆ ತಳುಕು ಹಾಕಿಕೊಂಡಿದೆ ಎಂಬುದನ್ನು ಲೆಕ್ಕ ಗುರುತಿಸಲೇಬೇಕು. 1978ರ ಹೊತ್ತಿಗೆ ಮೆಕ್‌ಫ್ಯಾಡನ್ ಒಂದೇ ಜಾತಿಯ ಆಯ್ಕೆಗಳನ್ನು ಒಂದು ಗೂಡಿನಲ್ಲಿಟ್ಟು ಲೆಕ್ಕ ಹಾಕುವ ಪರಿಹಾರಕ್ಕೆ ಸಿದ್ಧಾಂತದ ಬೆಂಬಲ ಒದಗಿಸಿದರು. ಅದು ಅರ್ಧ ಪರಿಹಾರ. ಪೂರ್ತಿ ಪರಿಹಾರ ಥರ್ಸ್ಟನ್ ಕಾಲದಿಂದಲೂ ಗೊತ್ತಿತ್ತು. 'ಪ್ರೊಬಿಟ್' ಎಂಬ ಆ ರೂಪದಲ್ಲಿ ಒಲವುಗಳು ಪರಸ್ಪರ ಹೇಗೆ ಬೇಕಾದರೂ ಹೆಣೆದುಕೊಂಡಿರಬಹುದು. ತೊಡಕೆಂದರೆ, ಆ ಲೆಕ್ಕವನ್ನು ಮಾಡಲು ಆಗುತ್ತಿರಲಿಲ್ಲ.

ಎಷ್ಟು ದೊಡ್ಡ ಲೆಕ್ಕ? ಐದು ಆಯ್ಕೆಗಳಿದ್ದರೆ ನಾಲ್ಕು ಆಯಾಮಗಳ ಒಂದು ಜಾಗದ ಗಾತ್ರ ಅಳೆಯಬೇಕು. ಪ್ರತಿ ಆಯಾಮದಲ್ಲೂ ಇಪ್ಪತ್ತು ಗೆರೆ ಎಳೆದು ಚೌಕಳಿ ಮಾಡಿದರೆ 1,60,000 ಬಿಂದುಗಳು. ಇದು ಒಬ್ಬ ಪ್ರಯಾಣಿಕನಿಗೆ. ಸಾವಿರ ಪ್ರಯಾಣಿಕರಿಗೆ 16 ಕೋಟಿ. ತೂಕಗಳನ್ನು ಒಂದಿಷ್ಟು ಬದಲಾಯಿಸಿ ನೂರು ಸಲ ಮತ್ತೆ ಲೆಕ್ಕ ಮಾಡಬೇಕಾದರೆ 1,600 ಕೋಟಿ. 1970ರ ದಶಕದ ಗಣಕಗಳ ಮುಂದೆ ಇದನ್ನು ಇಡುವಂತಿರಲಿಲ್ಲ. 1978ರಲ್ಲಿ ಹೌಸ್‌ಮನ್ ಮತ್ತು ವೈಸ್ ಮೂರು ಆಯ್ಕೆಗಳ ಲೆಕ್ಕವನ್ನು ಮಾಡಿ ತೋರಿಸಿದಾಗ ಅದೇ ಸಾಹಸ ಎನಿಸಿತು.

ಇಸ್ಪೀಟಿನಿಂದ ಬಂದ ಉಪಾಯ

ಇಂಥ ಗೋಡೆಯನ್ನು ಅಣುವಿಜ್ಞಾನಿಗಳು ಮೊದಲೇ ದಾಟಿದ್ದರು. 1946ರಲ್ಲಿ ಗಣಿತಜ್ಞ ಸ್ಟಾನಿಸ್ಲಾವ್ ಉಲಾಂ ಮಿದುಳಿನ ಉರಿಯೂತದಿಂದ ಚೇತರಿಸಿಕೊಳ್ಳುತ್ತ, ಒಬ್ಬರೇ ಆಡುವ ಇಸ್ಪೀಟಿನಲ್ಲಿ ಹೊತ್ತು ಕಳೆಯುತ್ತಿದ್ದರು. ಆಟ ಗೆಲ್ಲುವ ಸಂಭವ ಎಷ್ಟು ಎಂದು ಸೂತ್ರ ಹಿಡಿದು ಹೊರಟು ಸೋತಾಗ, ನೂರು ಸಲ ಎಲೆ ಹಂಚಿ ಎಷ್ಟು ಸಲ ಗೆದ್ದೆವೆಂದು ಎಣಿಸಿಬಿಡುವುದೇ ಸುಲಭವಲ್ಲವೇ ಎಂದು ಹೊಳೆಯಿತು. ಬೇರೆ ಸಂದರ್ಭದಲ್ಲಿ ಇದು ಸೋಮಾರಿಯ ಮಾತಾಗುತ್ತಿತ್ತು. ಉಲಾಂ ಲಾಸ್ ಅಲಮೊಸ್‌ನ ಅಣ್ವಸ್ತ್ರ ಕೇಂದ್ರದವರು. ಜಾನ್ ಫಾನ್ ನಾಯ್‌ಮನ್ ಅವರಂಥ ಸ್ನೇಹಿತರಿದ್ದರು. ಹೊಸ ವಿದ್ಯುನ್ಮಾನ ಗಣಕ ಕೈಗೆ ಬಂದಿತ್ತು. ನ್ಯೂಟ್ರಾನುಗಳ ಓಡಾಟವನ್ನು ಅವರು ಹೀಗೆ ಅಣಕು ಆಟ ಆಡಿಸಿ ಎಣಿಸಿದರು. ಜೂಜಿನ ಊರಾದ 'ಮಾಂಟೆ ಕಾರ್ಲೊ' ಹೆಸರು ಆ ವಿಧಾನಕ್ಕೆ ಅಂಟಿಕೊಂಡಿತು.

ಹೊಲದ ನಡುವೆ ಅಂಕುಡೊಂಕಾದ ಒಂದು ಹೊಂಡವಿದೆ ಎನ್ನಿ. ಅದರ ವಿಸ್ತೀರ್ಣಕ್ಕೆ ಸೂತ್ರವಿಲ್ಲ. ಕಣ್ಣು ಮುಚ್ಚಿ ಹೊಲದ ತುಂಬ ಸಮನಾಗಿ ಬೀಳುವಂತೆ ಸಾವಿರ ಕಲ್ಲು ಎಸೆದು, ಎಷ್ಟು ಕಲ್ಲು ನೀರಿಗೆ ಬಿದ್ದವೆಂದು ಎಣಿಸಿದರೆ ಹೊಂಡದ ಪಾಲು ಸಿಗುತ್ತದೆ. ಈ ಉಪಾಯದ ಹೆಚ್ಚುಗಾರಿಕೆ ಎಂದರೆ ಹೊಲಕ್ಕೆ ಎಷ್ಟು ಆಯಾಮಗಳಿದ್ದರೂ ಅದು ಹೆದರುವುದಿಲ್ಲ. ನೂರು ಪಟ್ಟು ಕಲ್ಲು ಎಸೆದರೆ ಹತ್ತು ಪಟ್ಟು ನಿಖರತೆ, ನಿಯಮ ಅಷ್ಟೇ.

ಎಂಐಟಿಯ ಸ್ಟೀವನ್ ಲರ್ಮನ್ ಮತ್ತು ಚಾರ್ಲ್ಸ್ ಮ್ಯಾನ್‌ಸ್ಕಿ 1981ರಲ್ಲಿ ಪ್ರಕಟಿಸಿದ ಬರಹದಲ್ಲಿ ಇದನ್ನು ಆಯ್ಕೆಯ ಲೆಕ್ಕಕ್ಕೆ ತಂದರು. ಪ್ರಯಾಣಿಕನ ಕಾಣದ ಒಲವುಗಳನ್ನು ಗಣಕದಿಂದ ಚೀಟಿ ಎತ್ತಿಸಿ, ಅವನು ಆಗ ಏನನ್ನು ಆರಿಸುತ್ತಿದ್ದನೆಂದು ನೋಡಿ, ಇದನ್ನೇ ಮತ್ತೆ ಮತ್ತೆ ಮಾಡಿ ಎಣಿಸುವುದು. ಫಲಿತಾಂಶ ನಿರಾಶೆ ತಂದಿತು. ಯಾರೋ ಒಬ್ಬ ನಿಜದಲ್ಲಿ ಅಪರೂಪದ ಆಯ್ಕೆ ಮಾಡಿರುತ್ತಾನೆ. ನೂರು ಚೀಟಿ ಎತ್ತಿದರೂ ಆ ಆಯ್ಕೆ ಒಮ್ಮೆಯೂ ಬರುವುದಿಲ್ಲ. ಗಣಕ ಅದರ ಸಂಭವ ಸೊನ್ನೆ ಎನ್ನುತ್ತದೆ. ಗರಿಷ್ಠ ಸಾಧ್ಯತೆಯ ಲೆಕ್ಕದಲ್ಲಿ ಪ್ರತಿಯೊಬ್ಬರ ಸಂಭವದ ಲಾಗರಿದಂ ತೆಗೆದು ಕೂಡಬೇಕು. ಸೊನ್ನೆಗೆ ಲಾಗರಿದಂ ಇಲ್ಲ. ಒಬ್ಬ ಅಪರೂಪದ ಪ್ರಯಾಣಿಕನಿಂದ ಇಡೀ ಲೆಕ್ಕ ಕುಸಿದುಬಿತ್ತು. ಬಚಾವಾಗಲು ಬೇಕಾದಷ್ಟು ಚೀಟಿಗಳನ್ನು ಎತ್ತುವ ಗಣಕ ಆಗ ಇರಲಿಲ್ಲ.

ತೊಂದರೆ ಸೊನ್ನೆಯದಷ್ಟೇ ಅಲ್ಲ, ಅದಕ್ಕಿಂತ ಸೂಕ್ಷ್ಮವಾದದ್ದೂ ಇತ್ತು. ನಿಜವಾದ ಸಂಭವ 0.25 ಎನ್ನಿ. ಚೀಟಿಯ ಲೆಕ್ಕ ಒಮ್ಮೆ 0.15 ಎನ್ನುತ್ತದೆ, ಇನ್ನೊಮ್ಮೆ 0.35. ಎರಡರ ಸರಾಸರಿ ಸರಿಯಾಗಿಯೇ ಇದೆ. ಆದರೆ ಲಾಗರಿದಂ ತೆಗೆದರೆ 0.25ಕ್ಕೆ ಮೈನಸ್ 0.602, ಉಳಿದೆರಡರ ಲಾಗರಿದಂಗಳ ಸರಾಸರಿ ಮೈನಸ್ 0.640. ಕಡಿಮೆಯ ಕಡೆಗಿನ ತಪ್ಪಿಗೆ ದಂಡ ಜಾಸ್ತಿ, ಹೆಚ್ಚಿನ ಕಡೆಗಿನ ತಪ್ಪಿಗೆ ಕಡಿಮೆ. ಆದ್ದರಿಂದ ಒಬ್ಬನ ಲೆಕ್ಕದ ತಪ್ಪು ಇನ್ನೊಬ್ಬನ ತಪ್ಪಿನಿಂದ ವಜಾ ಆಗುವುದಿಲ್ಲ. ಎಲ್ಲ ಒಂದೇ ದಿಕ್ಕಿಗೆ ಕೂಡುತ್ತ ಹೋಗುತ್ತದೆ. ಜನರ ಸಂಖ್ಯೆ ಹೆಚ್ಚಿಸಿದರೂ ಓಲುವಿಕೆ ಹೋಗದು. ಚೀಟಿಗಳ ಸಂಖ್ಯೆಯನ್ನೂ ಹೆಚ್ಚಿಸುತ್ತಲೇ ಇರಬೇಕು.

ಬಿಡುಗಡೆಯ ದಾರಿ ತೋರಿಸಿದ್ದು 'ಇಕನಾಮೆಟ್ರಿಕಾ' ಪತ್ರಿಕೆಯ 1989ರ ಸಂಪುಟದಲ್ಲಿ ಒಂದರ ಹಿಂದೊಂದು ಅಚ್ಚಾದ ಎರಡು ಲೇಖನಗಳು. ಒಂದು, ಆಗ ಎಂಐಟಿಯಲ್ಲಿದ್ದ ಮೆಕ್‌ಫ್ಯಾಡನ್ ಅವರದು. ಇನ್ನೊಂದು ಏರಿಯಲ್ ಪೇಕ್ಸ್ ಮತ್ತು ಡೇವಿಡ್ ಪೊಲಾರ್ಡ್ ಅವರದು. ಪೇಕ್ಸ್ ಅದಕ್ಕೆ ಮೂರು ವರ್ಷ ಮೊದಲೇ ಫ್ರಾನ್ಸ್, ಬ್ರಿಟನ್ ಮತ್ತು ಜರ್ಮನಿಯ ಪೇಟೆಂಟ್‌ಗಳ ಲೆಕ್ಕದಲ್ಲಿ, ಸಂಶೋಧಕರು ವರ್ಷ ವರ್ಷ ಶುಲ್ಕ ಕಟ್ಟಿ ಪೇಟೆಂಟ್ ಉಳಿಸಿಕೊಳ್ಳುವುದೋ ಬಿಡುವುದೋ ಎಂಬುದನ್ನು ಅಣಕು ಆಟದಿಂದ ಅಳೆದಿದ್ದರು.

ಮೆಕ್‌ಫ್ಯಾಡನ್ ಅವರ ಉಪಾಯ ಕೇಳಲು ತೀರ ಸರಳ. ಲಾಗರಿದಂ ತೊಂದರೆ ಕೊಡುತ್ತದೆಯೇ, ಲಾಗರಿದಂ ಬಿಡಿ. ಒಬ್ಬೊಬ್ಬ ಪ್ರಯಾಣಿಕನೂ ನಿಜದಲ್ಲಿ ಮಾಡಿದ್ದಕ್ಕೂ ಅಣಕು ಆಟ ಹೇಳಿದ್ದಕ್ಕೂ ಇರುವ ವ್ಯತ್ಯಾಸವನ್ನು ನೇರವಾಗಿ ಕೂಡಿಸಿ, ಮೊತ್ತ ಸೊನ್ನೆಯಾಗುವ ತೂಕಗಳನ್ನು ಹುಡುಕಿ. ನೇರ ಕೂಡಿಕೆಯಲ್ಲಿ ಒಬ್ಬನ ಹೆಚ್ಚು ಇನ್ನೊಬ್ಬನ ಕಡಿಮೆಯಿಂದ ವಜಾ ಆಗುತ್ತದೆ. ಮದುವೆಯ ಅಡುಗೆಗೆ ಅಕ್ಕಿ ಅಳೆಯುವ ಭಟ್ಟರು ಪ್ರತಿ ಅತಿಥಿ ಎಷ್ಟು ಉಣ್ಣುತ್ತಾನೆಂದು ತಿಳಿದಿರುವುದಿಲ್ಲ. ಒಬ್ಬ ಎರಡು ಸಲ ಬಡಿಸಿಕೊಳ್ಳುತ್ತಾನೆ, ಇನ್ನೊಬ್ಬ ಅರ್ಧ ಎಲೆ ಬಿಡುತ್ತಾನೆ, ಸಾವಿರ ಎಲೆಗಳ ಲೆಕ್ಕ ಮಾತ್ರ ತಪ್ಪುವುದಿಲ್ಲ. ಹಾಗೆಯೇ ಇಲ್ಲಿ ಪ್ರತಿಯೊಬ್ಬನ ಸಂಭವವನ್ನು ನಿಖರವಾಗಿ ತಿಳಿಯುವ ಹಂಗೇ ಇಲ್ಲ. ತಲೆಗೆ ಒಂದೇ ಒಂದು ಚೀಟಿ ಎತ್ತಿದರೂ, ಜನ ಸಾಕಷ್ಟಿದ್ದರೆ, ಉತ್ತರ ಸರಿಯಾದ ಕಡೆಗೇ ಸಾಗುತ್ತದೆ. 1,600 ಕೋಟಿಯ ಲೆಕ್ಕ ಹೀಗೆ ಮೇಜಿನ ಮೇಲಿನ ಗಣಕಕ್ಕೆ ಇಳಿಯಿತು.

ಒಂದು ನಿಯಮವನ್ನು ಮಾತ್ರ ಮೀರುವಂತಿಲ್ಲ. ಪ್ರತಿಯೊಬ್ಬನಿಗೆ ಮೊದಲು ಎತ್ತಿದ ಚೀಟಿಗಳನ್ನೇ ಕೊನೆಯವರೆಗೂ ಇಟ್ಟುಕೊಳ್ಳಬೇಕು. ತೂಕ ಬದಲಿಸಿದಾಗಲೆಲ್ಲ ಹೊಸ ಚೀಟಿ ಎತ್ತಿದರೆ, ಉತ್ತರ ಬದಲಾದದ್ದು ತೂಕದಿಂದಲೋ ಚೀಟಿಯಿಂದಲೋ ತಿಳಿಯದೆ ಗಣಕ ದಿಕ್ಕೆಟ್ಟು ಅಲೆಯುತ್ತದೆ.

ಗರಿಷ್ಠ ಸಾಧ್ಯತೆಯನ್ನು ಜನ ಅಷ್ಟು ಸುಲಭವಾಗಿ ಕೈಬಿಡಲಿಲ್ಲ. ಜಾನ್ ಗೆವೆಕ್, ವಸಿಲಿಸ್ ಹಾಜಿವಾಸಿಲಿಯು, ಮೈಕೇಲ್ ಕೀನ್ ಎಂಬ ಮೂವರು 1990ರ ಆಸುಪಾಸಿನಲ್ಲಿ, ಎಂದಿಗೂ ಸೊನ್ನೆ ಕೊಡದ ಚೀಟಿ ಎತ್ತುವ ಕ್ರಮವೊಂದನ್ನು ಬೇರೆ ಬೇರೆಯಾಗಿ ಕಂಡುಕೊಂಡರು. ಒಲವುಗಳನ್ನು ಒಂದೊಂದಾಗಿ, ಮನುಷ್ಯ ನಿಜದಲ್ಲಿ ಮಾಡಿದ ಆಯ್ಕೆಗೆ ವಿರುದ್ಧವಾಗದ ವ್ಯಾಪ್ತಿಯೊಳಗಿಂದಲೇ ಎತ್ತುವುದು ಅದರ ಗುಟ್ಟು. 2000ದಲ್ಲಿ ಮೆಕ್‌ಫ್ಯಾಡನ್ ಮತ್ತು ಕೆನೆತ್ ಟ್ರೇನ್ ಹಳೆಯ ಲಾಜಿಟ್ ಸೂತ್ರವನ್ನೇ ಚೀಟಿಗಳ ಜೊತೆ ಬೆರೆಸಿದರೆ, ಲಾಭಾಪೇಕ್ಷೆಯ ಯಾವ ಬಗೆಯ ಆಯ್ಕೆಯನ್ನೂ ಬೇಕಾದಷ್ಟು ಹತ್ತಿರದಿಂದ ಹಿಡಿಯಬಹುದೆಂದು ಸಾಧಿಸಿದರು. ಕೆಂಪು ಬಸ್ಸು, ನೀಲಿ ಬಸ್ಸಿನ ಕಾಟ ಅಲ್ಲಿಗೆ ತೀರಿತು.

ಚೀಟಿ ಎತ್ತುವುದರಲ್ಲೂ ಮಿತವ್ಯಯ ಬಂತು. ಟೆಕ್ಸಸ್ ವಿಶ್ವವಿದ್ಯಾಲಯದಲ್ಲಿ ಸಾರಿಗೆ ಎಂಜಿನಿಯರಿಂಗ್ ಕಲಿಸುವ, ಮದ್ರಾಸ್ ಐಐಟಿಯ ಹಳೆಯ ವಿದ್ಯಾರ್ಥಿ ಚಂದ್ರ ಭಟ್ 2001ರಲ್ಲಿ, ನಿಜವಾದ ಚೀಟಿಗಳ ಬದಲು 'ಹಾಲ್ಟನ್ ಸರಣಿ'ಯನ್ನು ಬಳಸಿ ನೋಡಿದರು. ಕೈ ಬೀಸಿ ಚೆಲ್ಲಿದ ಬೀಜ ಒಂದು ಕಡೆ ಒತ್ತಾಗಿ, ಇನ್ನೊಂದು ಕಡೆ ತೆಳ್ಳಗೆ ಬೀಳುತ್ತದೆ. ಕೂರಿಗೆಯಲ್ಲಿ ಬಿತ್ತಿದರೆ ಹೊಲವೆಲ್ಲ ಒಂದೇ ಸಮ. ಹಾಲ್ಟನ್ ಸರಣಿ ಕೂರಿಗೆಯಂಥದು. ಮೊದಲು ಅರ್ಧ, ಬಳಿಕ ಕಾಲು, ಮುಕ್ಕಾಲು, ಆಮೇಲೆ ಎಂಟನೆಯ ಒಂದು, ಐದು, ಮೂರು, ಏಳು ಎಂದು ಬಿಟ್ಟ ಜಾಗಗಳನ್ನೇ ತುಂಬುತ್ತ ಹೋಗುತ್ತದೆ. ಇಂಥ 125 ಬೀಜಗಳು 2,000 ಚೀಟಿಗಳಿಗಿಂತ ಕಡಿಮೆ ತಪ್ಪು ಕೊಟ್ಟವು.

ಇಷ್ಟೆಲ್ಲ ಅಣಕು ಆಟದಿಂದ ಸಿಕ್ಕ ಅಂದಾಜು ಎಷ್ಟು ಒಳ್ಳೆಯದು? ಅದನ್ನು ಅಳೆಯುವ ಅಳತೆಗೋಲು ಕಲ್ಕತ್ತದ ಆ ಒಂದು ರಾತ್ರಿಯದೇ. ನೇರ ಕೂಡಿಕೆಯ ವಿಧಾನದಲ್ಲಿ, ಎಲ್ಲವನ್ನೂ ಅತ್ಯುತ್ತಮವಾಗಿ ಹೊಂದಿಸಿಕೊಂಡು ತಲೆಗೆ ಒಂದೇ ಚೀಟಿ ಎತ್ತಿದರೆ ಅಂದಾಜಿನ ಏರಿಳಿತ ರಾವ್ ಹೇಳಿದ ಮಿತಿಯ ಎರಡು ಪಟ್ಟು. ಹತ್ತು ಚೀಟಿ ಎತ್ತಿದರೆ ಮಿತಿಗಿಂತ ನೂರಕ್ಕೆ ಹತ್ತು ಮಾತ್ರ ಹೆಚ್ಚು. ನೂರು ಎತ್ತಿದರೆ ನೂರಕ್ಕೆ ಒಂದು. ರಾವ್ ಅವರಿಗೆ 2023ರಲ್ಲಿ, ಅವರ 102ನೆಯ ವಯಸ್ಸಿನಲ್ಲಿ, ಅಂತರರಾಷ್ಟ್ರೀಯ ಸಂಖ್ಯಾಶಾಸ್ತ್ರ ಪ್ರಶಸ್ತಿ ಬಂತು. ಪ್ರಶಸ್ತಿ ನೀಡಿದವರು ಎತ್ತಿ ಹೇಳಿದ್ದು 1945ರ ಅದೇ ಪ್ರಬಂಧವನ್ನು. ಅದೇ ವರ್ಷದ ಆಗಸ್ಟ್ 22ರಂದು ಅವರು ಅಮೆರಿಕದಲ್ಲಿ ನಿಧನರಾದರು.